ಸೋದರಮಾವ ಬಂದ ವರ್ಷ

ಹೋದ ಮಾಘದಲ್ಲಿ ತಿರುಪತಿಯಿಂದ ಹಿಂದಿರುಗುವಾಗ ನಮ್ಮ ಬಸ್ಸು ಮದನಪಲ್ಲಿಯ ದಾರಿ ಹಿಡಿದು ಶ್ರೀನಿವಾಸಪುರದ ಮೇಲೆ ಬಂತು. ನಾನು ಕಣ್ಣು ಮುಚ್ಚಿ ಕೂತಿದ್ದೆ. ಕಿಟಕಿಯಿಂದ ಮಾವಿನ ಹೂವಿನ ವಾಸನೆ ಒಳಗೆ ನುಗ್ಗಿದಾಗ, ಯಾರೂ ಹೇಳದೆಯೇ, ಯಾವ ಊರು ಎಂದು ತಿಳಿಯಿತು. ನಮ್ಮ ಕಡಲ ಕಡೆಯೂ ಮಾವಿನ ಮರಗಳಿವೆ, ಮನೆಗೊಂದೋ ಎರಡೋ. ಇಲ್ಲಿ ಒಂದು ತೋಪು ಮುಗಿದರೆ ಇನ್ನೊಂದು ತೋಪು. ವಾಸನೆ ಮೈಮೇಲೆ ಬಿದ್ದಂತೆ ಬರುತ್ತದೆ, ಸ್ವಲ್ಪ ಸಿಹಿ, ಸ್ವಲ್ಪ ಒಗರು. ಬಸ್ಸು ನಿಲ್ಲಿಸಿ ಎನ್ನೋಣ ಅನಿಸಿತು. ಇಳಿದು ಯಾರ ಮನೆಯ ಬಾಗಿಲು ತಟ್ಟಲಿ? ಸುಮ್ಮನೆ ಕೂತೆ. ಆದರೆ ಆ ಊರಿನಲ್ಲಿ ಕಳೆದ ಒಂದು ವರ್ಷ ಮಾತ್ರ ಬೆಂಗಳೂರಿನವರೆಗೂ ನನ್ನ ಜೊತೆಯಲ್ಲೇ ಪ್ರಯಾಣ ಮಾಡಿತು.

ಎರಡನೆಯ ದೊಡ್ಡ ಯುದ್ಧ ಶುರುವಾಗುವುದಕ್ಕೆ ಸ್ವಲ್ಪ ಮುಂಚಿನ ಕಾಲ ಅದು. ನನಗೆ ಇಪ್ಪತ್ತೆರಡು. ಮಂಗಳೂರಿನಲ್ಲಿ ಟೀಚರ್ ಟ್ರೈನಿಂಗ್ ಮುಗಿಸಿ ಕೆಲಸವಿಲ್ಲದೆ ಕೂತಿದ್ದೆ. ಮೈಸೂರು ಸೀಮೆಯ ಹೆಣ್ಣುಮಕ್ಕಳ ಶಾಲೆಗಳಿಗೆ ಆಗ ಕಲಿಸುವ ಹೆಂಗಸರು ಸಿಗುತ್ತಿರಲಿಲ್ಲ. ಶ್ರೀನಿವಾಸಪುರದ ಶಾಲೆಯಲ್ಲಿ ಒಬ್ಬರು ರಜೆಯ ಮೇಲೆ ಹೋಗಿದ್ದರು. ಅವರ ಜಾಗಕ್ಕೆ ಒಂದು ವರ್ಷದ ಮಟ್ಟಿಗೆ ನನ್ನನ್ನು ತೆಗೆದುಕೊಂಡರು. ಅಷ್ಟು ದೂರ ಹೆಣ್ಣನ್ನು ಒಬ್ಬಳನ್ನೇ ಕಳಿಸುವುದೇ ಎಂದು ತಾಯಿ ಅತ್ತರು. ಮಾವ ಮಾತ್ರ, "ಓದಿಸಿದ್ದು ಅಡಿಗೆಮನೆಯಲ್ಲಿ ಕೂರಿಸಲಿಕ್ಕಾ?" ಎಂದರು. ಆ ಮಾತಿನ ಮೇಲೆ ಮನೆಯಲ್ಲಿ ಇನ್ನೊಂದು ಮಾತಿಲ್ಲ.

ಮಾವ ಎಂದರೆ ತಾಯಿಯ ಅಣ್ಣ. ನಮ್ಮದು ಅಳಿಯಸಂತಾನದ ಮನೆ. ಮನೆತನ ತಾಯಿಯಿಂದ ಮಗಳಿಗೆ ಬರುತ್ತದೆ, ಯಜಮಾನಿಕೆ ಮಾವನದು. ನನ್ನ ತಂದೆ ಸಂಜೆ ಬಂದು ಬೆಳಿಗ್ಗೆ ತಮ್ಮ ಮನೆಗೆ ಹೋಗುತ್ತಿದ್ದ, ಮೆಲುದನಿಯ, ನೆಂಟರಂಥ ಮನುಷ್ಯ. ನನಗೆ ಅಕ್ಷರ ಕಲಿಸಿದವರು, ಕಿವಿ ಹಿಂಡಿದವರು, ಜ್ವರ ಬಂದರೆ ಹೆಗಲ ಮೇಲೆ ಹಾಕಿಕೊಂಡು ವೈದ್ಯರಲ್ಲಿಗೆ ನಡೆದವರು ಎಲ್ಲ ಮಾವನೇ. ತುಳುವಿನಲ್ಲಿ ಅವರನ್ನು ತಮ್ಮಲೆ ಎನ್ನುತ್ತೇವೆ. ಆ ಪದ ಬಾಯಿಗೆ ಬಂದರೆ ಕೂತವರೂ ಎದ್ದು ನಿಲ್ಲುತ್ತೇವೆ.

ಬೌರಿಂಗಪೇಟೆಯಲ್ಲಿ ದೊಡ್ಡ ರೈಲು ಇಳಿದು, ಆಟದ ಸಾಮಾನಿನಂಥ ಪುಟ್ಟ ರೈಲು ಹತ್ತಿ, ಕೋಲಾರ ದಾಟಿ ಶ್ರೀನಿವಾಸಪುರಕ್ಕೆ ಬಂದೆ. ಎಲ್ಲಿ ನೋಡಿದರೂ ಬಂಡೆ, ಕೆಂಪು ಮಣ್ಣು, ಬಿಸಿಲು. ನೀರಿನ ಸದ್ದಿಲ್ಲದ ಊರನ್ನು ನಾನು ಅಲ್ಲಿಯವರೆಗೆ ಕಂಡಿರಲಿಲ್ಲ.

ನಾರಾಯಣಮ್ಮನವರ ಮನೆಯ ಹೊರಗಿನ ಕೋಣೆ ನನಗೆ ಬಾಡಿಗೆಗೆ ಸಿಕ್ಕಿತು. ಊಟವೂ ಅವರಲ್ಲೇ. ಗಂಡನನ್ನು ಕಳೆದುಕೊಂಡವರು, ದಪ್ಪ ದನಿಯವರು, ಮನೆಯಲ್ಲಿ ತೆಲುಗು, ಬೀದಿಯಲ್ಲಿ ಕನ್ನಡ, ಕೋಪ ಬಂದರೆ ಎರಡೂ. ಅವರಿಗಿದ್ದವಳು ಒಬ್ಬಳೇ ಮಗಳು, ಸರೋಜ. ಹದಿನೆಂಟು ವರ್ಷ. ಊರಿನ ಶಾಲೆಯಲ್ಲಿ ಇದ್ದಷ್ಟು ಓದಿ ಮುಗಿಸಿ, ಕೋಲಾರಕ್ಕೆ ಹೋಗಿ ಟ್ರೈನಿಂಗ್ ಓದುವ ಆಸೆ ಇಟ್ಟುಕೊಂಡಿದ್ದಳು.

ಮೊದಲ ದಿನ ಮುದ್ದೆಯನ್ನು ಅಗಿದೆ. ತಾಯಿ ಮಗಳು ಇಬ್ಬರೂ ಬಾಯಿಗೆ ಸೆರಗು ಹಿಡಿದುಕೊಂಡರು.

"ಅಗೀಬಾರ್ದು ಮೇಷ್ಟ್ರಮ್ಮ, ನುಂಗ್ಬೇಕು," ಎಂದರು ನಾರಾಯಣಮ್ಮ.

ಅಗಿಯದೆ ನುಂಗುವುದು ಊಟವೇ ಎಂದು ನಾನು ಮನಸ್ಸಿನಲ್ಲೇ ಅಂದುಕೊಂಡೆ. ನಮ್ಮ ಕುಚ್ಚಲಕ್ಕಿಯ ಸಂಗತಿ ಹೇಳಿದರೆ ಅವರಿಗೂ ಹಾಗೆಯೇ. "ಬೇಯ್ಸಿದ ಭತ್ತಾನ ಒಣಗ್ಸಿ, ಕುಟ್ಟಿ, ಮತ್ತೆ ಬೇಯ್ಸೋದಾ? ಅದ್ಯಾತರ ರುಚಿ?" ನಾನು "ಉಂಟು" ಎಂದರೆ ಶಾಲೆಯ ಮಕ್ಕಳು ಕಿಸಕ್ಕನೆ ನಗುತ್ತಿದ್ದವು. ಅವು "ಐತೆ" ಎಂದರೆ ನಾನು ಕೆಂಪು ಪೆನ್ಸಿಲಿನಿಂದ ತಿದ್ದುತ್ತಿದ್ದೆ. ತುಳು ಆಡುವವರು ಆ ಊರಿನಲ್ಲಿ ಒಬ್ಬರೂ ಇರಲಿಲ್ಲ. ಸಂಜೆ ಕೋಣೆಯ ಬಾಗಿಲು ಹಾಕಿಕೊಂಡು, ನನ್ನ ದನಿ ನನಗೇ ಕೇಳಲೆಂದು, ಮನೆಯ ದನಗಳ ಹೆಸರುಗಳನ್ನು ಒಂದೊಂದಾಗಿ ಹೇಳಿಕೊಳ್ಳುತ್ತಿದ್ದೆ.

ಅದನ್ನು ಕೇಳಿಸಿಕೊಂಡವಳು ಸರೋಜ. ಬಾಗಿಲು ತಳ್ಳಿ ಬಂದು, "ಯಾರ್ ಜೊತೆ ಅಕ್ಕ ಮಾತು?" ಎಂದಳು. ಅಂದಿನಿಂದ ನಾವಿಬ್ಬರೂ ಗೆಳತಿಯರು. ಅವಳು ನನಗೆ ತೆಲುಗು ಹೇಳಿಕೊಡುತ್ತಿದ್ದಳು, ನಾನು ಅವಳಿಗೆ ತುಳು. ಬಾವಿಕಟ್ಟೆಯ ಮೇಲೆ ಕೂತು ಕೋಲಾರದ ಟ್ರೈನಿಂಗಿಗೆ ಬೇಕಾದ ಲೆಕ್ಕ, ವ್ಯಾಕರಣ ಎಲ್ಲ ಓದಿಸುತ್ತಿದ್ದೆ. ಅವಳಿಲ್ಲದಿದ್ದರೆ ನಾನು ಮೊದಲ ತಿಂಗಳಲ್ಲೇ ರೈಲು ಹತ್ತುತ್ತಿದ್ದೆ.

ಭಾನುವಾರಗಳಂದು ನಾರಾಯಣಮ್ಮನವರ ತಮ್ಮ ಪಾಪಣ್ಣ ಬರುತ್ತಿದ್ದ. ಮುಳಬಾಗಿಲಿನ ಆಚೆ, ನಂಗಲಿಯ ಹತ್ತಿರದ ಹಳ್ಳಿಯವನು. ಅಕ್ಕನ ಜಮೀನನ್ನೂ ಅವನೇ ನೋಡಿಕೊಳ್ಳುತ್ತಿದ್ದ. ಇಪ್ಪತ್ತಾರರ ಎತ್ತರದ ಆಳು, ಕಡಲೆಕಾಯಿ ಚೀಲವನ್ನು ಹೂವಿನಂತೆ ಹೆಗಲಿನಿಂದ ಇಳಿಸುತ್ತಿದ್ದ. ಅವನ ದನಿ ಕೇಳಿದರೆ ಸಾಕು, ಸರೋಜ ಎದ್ದು ಒಳಗೆ ಓಡುತ್ತಿದ್ದಳು. ಬಾಗಿಲ ಸಂದಿಯಿಂದ ನೀರಿನ ಚೊಂಬು ಮಾತ್ರ ಹೊರಗೆ ಬರುತ್ತಿತ್ತು. ನಮ್ಮ ಮನೆಯಲ್ಲಿ ಮಾವ ಬಂದರೆ ನಾವು ಅಂಗಳಕ್ಕೆ ಓಡುವವರು. ಇವಳು ಅಡಗುತ್ತಾಳೆಂದರೆ ಈ ಮನುಷ್ಯ ಹೊಡೆಯುವವನೇ ಇರಬೇಕು ಎಂದು ನಾನು ತೀರ್ಮಾನ ಮಾಡಿದೆ. ಅವನು ಕೈ ಮುಗಿದರೆ ಪುಸ್ತಕದಿಂದ ಕಣ್ಣು ಎತ್ತುತ್ತಿರಲಿಲ್ಲ.

ಕಾರ್ತಿಕದಲ್ಲಿ ನನ್ನ ಮಾವ ಬಂದರು. ಒಂದು ಮಾತೂ ಹೇಳಿ ಕಳಿಸಿರಲಿಲ್ಲ. ನಾನು ಶಾಲೆಯಿಂದ ಬಂದಾಗ, ಕಪ್ಪು ಕೋಟು ಹಾಕಿ, ಕೊಡೆ ಮಡಿಲಲ್ಲಿ ಇಟ್ಟುಕೊಂಡು, ನಾರಾಯಣಮ್ಮನವರ ಜಗುಲಿಯ ಮೇಲೆ ಕೂತಿದ್ದರು. ಅಷ್ಟು ದೂರ ಎರಡು ರೈಲು ಬದಲಿಸಿ, ಒಂದು ಡಬ್ಬಿ ಹಪ್ಪಳ ಹಿಡಿದುಕೊಂಡು ಬಂದಿದ್ದರು. ಕಾಲಿಗೆ ಬಿದ್ದವಳು ಅಲ್ಲೇ ಅತ್ತುಬಿಟ್ಟೆ. ತುಳು ಕೇಳಿ ಐದು ತಿಂಗಳಾಗಿತ್ತು.

"ಯಾರಮ್ಮ?" ಎಂದರು ನಾರಾಯಣಮ್ಮ.

"ನನ್ನ ಸೋದರಮಾವ."

ಅವರ ಮುಖ ಅರಳಿತು. ಒಳಗೆ ಹೋಗಿ ಸರೋಜಳ ಕಿವಿಯಲ್ಲಿ ಏನೋ ಹೇಳಿದರು. ಆಮೇಲೆ ನಡೆದದ್ದೆಲ್ಲ ಉಪಚಾರವೆಂದೇ ನಾನು ಭಾವಿಸಿದೆ. ಕೋಳಿ ಕೊಯ್ದರು. ನಮ್ಮಿಬ್ಬರ ಎಲೆಗಳನ್ನು ಅಕ್ಕಪಕ್ಕ ಹಾಕಿದರು. ಸರೋಜ ಕನಕಾಂಬರ ತಂದು ನನ್ನ ಜಡೆಗೆ ಮುಡಿಸಿ ಸುಮ್ಮಸುಮ್ಮನೆ ನಕ್ಕಳು. ಪಕ್ಕದ ಮನೆಗಳ ಹೆಂಗಸರು ಮಜ್ಜಿಗೆ, ಬೆಂಕಿ ಎಂದು ಏನಾದರೂ ನೆವ ಮಾಡಿಕೊಂಡು ಬಂದು ಮಾವನನ್ನು ನೋಡಿ ಹೋದರು.

ಮರುದಿನ ಬೆಳಿಗ್ಗೆ ಕಾಫಿ ಕೊಡುತ್ತಾ ನಾರಾಯಣಮ್ಮ ಅವರ ಎದುರೇ ಕೇಳಿದರು: "ವಯಸ್ಸು ಒಂಚೂರು ಹೆಚ್ಚಾಯ್ತು. ಆದ್ರೂ ಸೋದರಮಾವ ಅಲ್ವಾ, ಕಣ್ಣಾಗಿಟ್ಟು ನೋಡ್ಕಂತಾರೆ. ಮದ್ವೆ ಯಾವಾಗ ಇಟ್ಕಂಡಿದೀರ?"

ಮೊದಲು ನನಗೆ ಅರ್ಥವಾಗಲಿಲ್ಲ. ಮಾವನಿಗೆ ಅರ್ಥವಾಯಿತು. ಲೋಟವನ್ನು ನೆಲಕ್ಕೆ ಇಟ್ಟರು.

"ಅವರು ನನಗೆ ತಂದೆ ಇದ್ದ ಹಾಗೆ!" ಎಂದೆ. ದನಿ ಚೀರಿದಂತೆ ಬಂತು.

"ಹೌದು, ಮಾವ ಅಂದ್ರೆ ತಂದೆ ಇದ್ದಂಗೇ," ಎಂದರು ಅವರು, ನಗುತ್ತಲೇ. "ಅದಕ್ಕೇ ಅಲ್ವಾ ಕೊಡೋದು? ಯಾಕೆ, ಹೆಂಡ್ತಿ ಅವ್ರಾ?"

"ಇದ್ದಾರೆ. ಅವರ ತಾಯಿಯ ಮನೆಯಲ್ಲಿ."

"ಅಯ್ಯೋ, ಬಿಟ್ಬುಟ್ಟವ್ರಾ?"

"ಇಲ್ಲ. ಮಾವ ಹೋಗಿ ಬರುತ್ತಾರೆ. ನಮ್ಮಲ್ಲಿ ಹಾಗೆಯೇ."

"ರಾತ್ರಿ ಹೋಗಿ ಬೆಳಿಗ್ಗೆ ಬರೋದಾ?" ನಾರಾಯಣಮ್ಮನವರ ನಗು ಅಲ್ಲಿಗೆ ನಿಂತಿತು. "ಮಕ್ಳು?"

"ಮಕ್ಕಳು ತಾಯಿಯ ಮನೆಯವರು. ಮಾವನ ಆಸ್ತಿ ನಮ್ಮ ಮನೆಗೆ, ಅಂದರೆ ತಂಗಿಯ ಮಕ್ಕಳಿಗೆ."

ಅವರು ಮಾವನನ್ನು ಹೊಸದಾಗಿ ನೋಡುವಂತೆ ನೋಡಿದರು. "ಹೆತ್ತ ಮಕ್ಳಿಗೆ ಒಂದ್ ತುಂಡು ನೆಲ ಇಲ್ವಾ? ಏನ್ ಪಾಪ ಮಾಡಿದ್ವು ಸ್ವಾಮಿ ಅವು?" ಎಂದರು. ಆಮೇಲೆ ನನ್ನ ಕಡೆ ತಿರುಗಿ, ಸಮಾಧಾನ ಹೇಳುವಂತೆ, "ನಮ್ಮಲ್ಲಿ ಹಂಗೆಲ್ಲಾ ಇಲ್ಲಮ್ಮ. ನಮ್ ಸರೋಜನ್ನೂ ಪಾಪಣ್ಣಂಗೇ ಅಂತ ಅವ್ಳು ಹುಟ್ಟಿದ ದಿನಾನೇ ಅಂದ್ಕಂಡಿದ್ವಿ. ಮಾಘದಲ್ಲಿ ಮಾಡಿ ಮುಗಿಸ್ತೀವಿ," ಎಂದರು.

ಮಾವ ಅಂದೇ ಮಧ್ಯಾಹ್ನದ ರೈಲಿಗೆ ಹೊರಟರು. ನಾಲ್ಕು ದಿನ ಇರಲೆಂದು ಬಂದವರು. ಸ್ಟೇಷನ್ನಿನ ಬೇವಿನ ಮರದ ಕೆಳಗೆ, ರೈಲು ಕೂಗಿದ ಮೇಲೆ, "ಇವರಿಗೆ ಸಂಬಂಧದ ಬೆಲೆ ತಿಳಿಯದು ಮಗಾ. ವರ್ಷ ಮುಗಿದ ಕೂಡಲೇ ಬಂದುಬಿಡು," ಎಂದರು. ಹೌದೆಂದು ತಲೆಯಾಡಿಸಿದೆ. ನನ್ನನ್ನು ಎತ್ತಿ ಬೆಳೆಸಿದ ಆ ಮನುಷ್ಯ ಹೊರಡುವಾಗ ನನ್ನ ತಲೆ ಮುಟ್ಟಲಿಲ್ಲ. ಸುತ್ತ ನಿಂತವರು ಏನೆಂದುಕೊಂಡಾರೋ ಎಂಬ ಅಂಜಿಕೆ ಅವರ ಕೈಯನ್ನು ತಡೆದಿತ್ತು. ಆ ಊರನ್ನು ನಾನು ದ್ವೇಷಿಸಿದ್ದು ಆ ಗಳಿಗೆಯಲ್ಲಿ.

ಅಂದು ಸಂಜೆಯೇ ಸರೋಜಳನ್ನು ಬಾವಿಕಟ್ಟೆಗೆ ಕರೆದು, "ಬೇಡ ಎಂದು ಹೇಳು. ನಾನು ನಿನ್ನ ಜೊತೆ ನಿಲ್ಲುತ್ತೇನೆ. ಕೋಲಾರಕ್ಕೆ ಕರೆದುಕೊಂಡು ಹೋಗುತ್ತೇನೆ," ಎಂದೆ.

"ಯಾಕಕ್ಕ?"

"ಎತ್ತಿ ಆಡಿಸಿದವನನ್ನು ಮದುವೆಯಾಗುತ್ತೀಯಾ?"

"ಎತ್ತಿ ಆಡ್ಸಿದ್ದಕ್ಕೇ ಅಲ್ವಾ ಭಯ ಇಲ್ದೇ ಇರೋದು?" ಎಂದಳು. "ಬೇರೆ ಕಡೆ ಕೊಟ್ರೆ ಅತ್ತೆ ಅಂತ ಯಾರೋ ಒಬ್ಳು ಬರ್ತಾಳೆ. ಇಲ್ಲಿ ನಮ್ಮಜ್ಜೀನೇ ಅತ್ತೆ. ಅಜ್ಜಿ ಬೈದ್ರೆ ನಾನೂ ಬೈತೀನಿ."

"ಭಯವಿಲ್ಲದಿದ್ದರೆ ಅವನು ಬಂದಾಗ ಒಳಗೆ ಓಡುವುದು ಯಾಕೆ?"

ಸರೋಜ ನನ್ನನ್ನೇ ನೋಡಿದಳು. ಆಮೇಲೆ ಹಗ್ಗ ಕೈಬಿಟ್ಟು, ಕೊಡ ಬಾವಿಗೆ ಬೀಳುವಷ್ಟು ನಕ್ಕಳು. "ಅಯ್ಯೋ ಅಕ್ಕ, ಅದು ಭಯ ಅಲ್ಲ, ನಾಚ್ಕೆ!"

ನನಗೆ ನಗು ಬರಲಿಲ್ಲ. ಹುಟ್ಟಿದಾಗಿನಿಂದ ಕಿವಿಯಲ್ಲಿ ಊದಿದ್ದಾರೆ, ಹುಡುಗಿಗೆ ಬೇರೆ ಗೊತ್ತಿಲ್ಲ ಎಂದುಕೊಂಡೆ. ಮುಂದಿನ ಭಾನುವಾರ ಪಾಪಣ್ಣ ಬಂದಾಗ, ಅಂಗಳದಲ್ಲಿ, ನಾರಾಯಣಮ್ಮನವರೂ ಕೇಳುವಂತೆ ಹೇಳಿದೆ: "ಇದು ತಪ್ಪು ಪಾಪಣ್ಣನವರೇ. ನಮ್ಮ ಕಡೆ ಇಂಥದ್ದನ್ನು ಮನುಷ್ಯರು ಮಾಡುವುದಿಲ್ಲ."

ಪಾಪಣ್ಣ ಹೆಗಲ ಮೇಲಿದ್ದ ಚೀಲವನ್ನು ಇಳಿಸದೆ ಹಾಗೆಯೇ ನಿಂತಿದ್ದ. ನಾರಾಯಣಮ್ಮ ಮೊರ ಪಕ್ಕಕ್ಕಿಟ್ಟು ಎದ್ದರು. ಬೈಯುತ್ತಾರೆಂದು ಕಾದೆ. ಬೈಯಲಿಲ್ಲ. ಒಳಗೆ ಹೋಗಿ ನಡುಬಾಗಿಲು ಹಾಕಿಕೊಂಡರು.

ಊಟ ನಿಲ್ಲಲಿಲ್ಲ, ಮಾತು ನಿಂತಿತು. ಹೊತ್ತಿಗೆ ಸರಿಯಾಗಿ ನನ್ನ ಕೋಣೆಯ ಹೊಸಿಲಿನ ಮೇಲೆ ತಟ್ಟೆ ಬರುತ್ತಿತ್ತು, ಮುದ್ದೆಯ ಮೇಲೆ ತುಪ್ಪ ಹಾಕಿಯೇ. ಇಟ್ಟವರು ಯಾರೆಂದು ನೋಡುವಷ್ಟರಲ್ಲಿ ಯಾರೂ ಇರುತ್ತಿರಲಿಲ್ಲ. ಸರೋಜಳನ್ನು ಬಾವಿಕಟ್ಟೆಗೆ ಬಿಡುತ್ತಿರಲಿಲ್ಲ. ಅವರೆಕಾಯಿ ಕಾಲ ಬಂತು. ಬೀದಿಯ ಹೆಂಗಸರೆಲ್ಲ ಜಗುಲಿಯ ಮೇಲೆ ಗುಡ್ಡೆ ಹಾಕಿಕೊಂಡು ಕಾಯಿ ಸುಲಿಯುತ್ತಾ ನಗುತ್ತಿದ್ದರು. ಸೊಗಡಿನ ವಾಸನೆ ಗೋಡೆ ದಾಟಿ ಬರುತ್ತಿತ್ತು. ನಾನು ಹಾದುಹೋದರೆ ನಗು ನಿಂತು, ಸಿಪ್ಪೆ ಬೀಳುವ ಸದ್ದು ಮಾತ್ರ ಉಳಿಯುತ್ತಿತ್ತು. ರಾತ್ರಿ ಮಾವನ ಮುಖವೂ, ಹೆತ್ತ ಮಕ್ಕಳ ಬಗ್ಗೆ ನಾರಾಯಣಮ್ಮ ಕೇಳಿದ ಪ್ರಶ್ನೆಯೂ ಒಟ್ಟಿಗೆ ಬರುತ್ತಿದ್ದವು. ಮಾವನ ಮಕ್ಕಳು, ನನ್ನ ಜೊತೆ ಆಡಿ ಬೆಳೆದವರು, ಹಬ್ಬದ ದಿನ ತಂದೆಯ ಮನೆಗೆ ಬಂದರೆ ಜಗುಲಿಯ ತುದಿಯಲ್ಲಿ ಕೂರುತ್ತಿದ್ದರು. ಅವರು ಯಾಕೆ ಅಲ್ಲಿ ಕೂರುತ್ತಾರೆಂದು ನಾನು ಒಮ್ಮೆಯೂ ಯೋಚಿಸಿರಲಿಲ್ಲ.

ಮಾವು ಹೂವಾಗುವ ಹೊತ್ತಿಗೆ ಪಾಪಣ್ಣ ಶಾಲೆಗೆ ಬಂದ. ಮಕ್ಕಳನ್ನು ಬಿಟ್ಟಾಗಿತ್ತು. ಬಾಗಿಲಲ್ಲೇ ನಿಂತು, ಎಲೆ ಅಡಿಕೆ ಅಕ್ಷತೆ ಇದ್ದ ತಟ್ಟೆಯನ್ನು ಮೇಜಿನ ತುದಿಗೆ ತಳ್ಳಿದ.

"ಮೇಷ್ಟ್ರಮ್ಮ, ಒಂದ್ ಮಾತು ಕೇಳ್ಬೋದಾ? ನಿಮ್ಮೂರ್ನಾಗೆ ಹುಟ್ಟಿದ್ರೆ ನಾನ್ ಅವ್ಳಿಗೆ ಏನಾಗ್ತಿದ್ದೆ?"

"ಯಜಮಾನರು. ಅವಳನ್ನು ಓದಿಸುವವರು. ಗಂಡು ಹುಡುಕಿ ಮದುವೆ ಮಾಡುವವರು."

"ಆಮ್ಯಾಲೆ ಅವ್ಳಿಗೆ ಕಷ್ಟ ಬಂದ್ರೆ?"

"ನಿಮ್ಮ ಮನೆಯಲ್ಲೇ ಇರುತ್ತಾಳೆ. ಅದು ಅವಳದೇ ಮನೆ."

ಅವನು ಸ್ವಲ್ಪ ಯೋಚಿಸಿದ. "ಅದೆಲ್ಲಾ ನಾನೂ ಮಾಡ್ತೀನಲ್ಲ ಮೇಷ್ಟ್ರಮ್ಮ. ಗಂಡು ಹುಡ್ಕೋದೊಂದು ಬಿಟ್ಟು," ಎಂದು ಒಬ್ಬನೇ ನಕ್ಕ. ನಾನು ನಗದ್ದನ್ನು ನೋಡಿ ತಲೆ ತಗ್ಗಿಸಿದ. "ಬನ್ನಿ. ನೀವು ಬರ್ದೇ ಇದ್ರೆ ಅವ್ಳು ಅಳ್ತಾಳೆ. ಬೈಯೋದಾದ್ರೂ ಬಂದು ಬೈರಿ."

ಅವನು ಒಳ್ಳೆಯವನೆಂದು ಆಗ ಖಚಿತವಾಯಿತು. ಅದರಿಂದ ಆ ಮದುವೆಯೇನೂ ನನಗೆ ಸರಿ ಎನಿಸಲಿಲ್ಲ.

ಮದುವೆಯ ಹಿಂದಿನ ದಿನ ಬಳೆ ತೊಡಿಸಲು ಫಾತಿಮಾಬೀ ಬಂದಳು. ಆ ಬೀದಿಯ ಎಲ್ಲ ಹೆಣ್ಣುಗಳ ಕೈಯಳತೆ ಬಲ್ಲ ಮುದುಕಿ. ಎಲ್ಲರಿಗೂ ತೊಡಿಸಿ, ಕೊನೆಗೆ ದೂರ ಕೂತಿದ್ದ ನನ್ನ ಬಳಿ ಬಂದು ಕೈ ಹಿಡಿದು ಹಿಸುಕತೊಡಗಿದಳು. ಆಮೇಲೆ ದನಿ ತಗ್ಗಿಸಿ, "ನಮ್ಮಲ್ಲಿ ಇದೆಲ್ಲಾ ಇಲ್ಲಮ್ಮಾ. ಮಾಮೂ ಅಂದ್ರೆ ಬಾಪ್ ಇದ್ದಂಗೆ. ತೋಬಾ, ತೋಬಾ! ನಿಮ್ಗೂ ಹಂಗೇ ಅಂತೆ?" ಎಂದಳು.

ಎಷ್ಟೋ ತಿಂಗಳ ಮೇಲೆ ನನ್ನ ಮನಸ್ಸನ್ನೇ ಒಬ್ಬರು ಬಾಯಿಬಿಟ್ಟು ಆಡಿದ್ದರು. ಅವಳನ್ನು ತಬ್ಬಿಕೊಳ್ಳಬೇಕೆನಿಸಿತು. "ಹೌದು, ಹೌದು. ನಿಮ್ಮಲ್ಲಿ ಯಾರಿಗೆ ಕೊಡುತ್ತೀರಿ?" ಎಂದೆ.

"ಚಾಚಾನ ಮಗಂಗೆ. ಅಪ್ಪನ ತಮ್ಮನ ಮಗ. ನನ್ ಗಂಡ ನನ್ ಚಾಚಾನ ಮಗಾನೇ."

ಚಿಕ್ಕಪ್ಪನ ಮಗ! ಎಂದರೆ ಅಣ್ಣ. ಬಳೆ ಏರುತ್ತಿದ್ದ ಕೈ ತಾನಾಗಿಯೇ ಹಿಂದಕ್ಕೆ ಬಂತು. ಬಳೆ ಚಟ್ಟೆಂದು ಒಡೆಯಿತು.

"ಕೈ ಬಿಗಿ ಮಾಡ್ಬೇಡಿ ಅಮ್ಮಾ," ಎಂದಳು ಫಾತಿಮಾಬೀ, ಬೇಸರದಿಂದ. ಚೂರುಗಳನ್ನು ಆಯ್ದುಕೊಳ್ಳುತ್ತಾ, "ನಿಮ್ಮಲ್ಲಿ ಹೆಂಗ್ಸು ಗಂಡನ ಮನೇಗೇ ಹೋಗಲ್ವಂತೆ, ನಿಜಾನಾ?" ಎಂದು ಕೇಳಿದಳು. ಉತ್ತರಕ್ಕೆ ಕಾಯದೆ ಬಳೆಯ ಮಲಾರ ಎತ್ತಿಕೊಂಡು ಹೋದಳು.

ಮದುವೆಗೆ ಹೋದೆ. ಹುಡುಗಿಯನ್ನು ಮಂಟಪಕ್ಕೆ ಕರೆತರಬೇಕಾದ ಸೋದರಮಾವನೇ ಮದುಮಗನಾದ್ದರಿಂದ ದೂರದ ಮಾವನೊಬ್ಬ ಆ ಕೆಲಸ ಮಾಡಿದ. ಸರೋಜ ತಲೆ ಬಗ್ಗಿಸಿದ್ದರೂ ತುಟಿಯ ಅಂಚಿನಲ್ಲಿ ನಗು ಇತ್ತು. ಗಟ್ಟಿಮೇಳ ಮೊಳಗಿತು. ಎಲ್ಲರೂ ಅಕ್ಷತೆ ಎಸೆದರು. ನನ್ನ ಕೈ ಏಳಲಿಲ್ಲ. ಏಳಿಸಲು ನೋಡಿದೆ, ನಿಜವಾಗಿಯೂ ನೋಡಿದೆ. ನನ್ನ ಕಣ್ಣಿಗೆ ಮಂಟಪದಲ್ಲಿ ಬೇರೆ ಯಾರೋ ಕಾಣುತ್ತಿದ್ದರು, ಕಪ್ಪು ಕೋಟು ಹಾಕಿ. ವಾದ್ಯ ನಿಂತ ಮೇಲೂ ಅಕ್ಕಿ ಮುಷ್ಟಿಯಲ್ಲೇ ಇತ್ತು. ಬೆವರಿಗೆ ಅರಿಶಿನ ಬಿಟ್ಟು ಅಂಗೈ ಹಳದಿಯಾಗಿತ್ತು.

ನಾರಾಯಣಮ್ಮ ಅದನ್ನು ನೋಡಿದರು. ಜನರ ನಡುವೆ ದಾರಿ ಮಾಡಿಕೊಂಡು ಬಂದು, ನನ್ನ ಬೆರಳುಗಳನ್ನು ಒಂದೊಂದಾಗಿ ಬಿಡಿಸಿ, ಅಕ್ಕಿ ತೆಗೆದುಕೊಂಡರು. "ನಿಮ್ ಕೈಲಿ ಆಗ್ದಿದ್ರೆ ನನ್ ಕೈಲಿ ಆಗ್ಲಿ. ಅಕ್ಕಿ ನಿಮ್ದೇ ಅಲ್ವಾ," ಎಂದರು. ಮಂಟಪಕ್ಕೆ ಹೋಗಿ ಮಗಳ ತಲೆಯ ಮೇಲೆ ಹಾಕಿದರು. ಮಾತು ನಿಂತ ಮೇಲೆ ಅವರು ನನ್ನೊಡನೆ ಆಡಿದ ಮೊದಲ ಮಾತು ಅದು. ಆಮೇಲೂ ಹೆಚ್ಚು ಮಾತೇನೂ ಆಗಲಿಲ್ಲ. ಸರೋಜ ಹಳ್ಳಿಗೆ ಹೋದಳು. ಆ ಮನೆಯಲ್ಲಿ ನಾವಿಬ್ಬರೂ, ಗೋಡೆಯ ಆಚೆ ಒಬ್ಬರು ಈಚೆ ಒಬ್ಬರು, ಅವಳಿಲ್ಲದ ಸಂಜೆಗಳನ್ನು ಕಳೆದೆವು.

ಪರೀಕ್ಷೆಗಳು ಮುಗಿದು ನಾನು ಹೊರಡುವ ದಿನ ಗಂಡ ಹೆಂಡತಿ ಸ್ಟೇಷನ್ನಿಗೆ ಬಂದರು. "ಮುಂದಿನ್ ವರ್ಷ ಕೋಲಾರಕ್ಕೆ ಕಳಿಸ್ತಾರಂತೆ ಅಕ್ಕ," ಎಂದಳು ಸರೋಜ. ಪಾಪಣ್ಣ ನನ್ನ ಪೆಟ್ಟಿಗೆಯನ್ನು ರೈಲಿನೊಳಗೆ ಇಟ್ಟು, "ನಿಮ್ ಮಾವಂಗೆ ಹೇಳಿ ಮೇಷ್ಟ್ರಮ್ಮ. ನಮ್ಮಕ್ಕ ತಿಳೀದೆ ಕೇಳಿದ್ದು. ಬೇಜಾರ್ ಮಾಡ್ಕಬಾರ್ದು ಅಂತ," ಎಂದ. ಅವನು ಅವಳನ್ನು ಓದಲು ಕಳಿಸಿದನೋ ಇಲ್ಲವೋ, ನನಗೆ ಕೊನೆಗೂ ತಿಳಿಯಲಿಲ್ಲ. ಆ ಮದುವೆ ಇವತ್ತಿಗೂ ನನಗೆ ಒಪ್ಪಿಗೆಯಲ್ಲ. ಅವಳಷ್ಟು ಹತ್ತಿರದ ಗೆಳತಿ ಮಾತ್ರ ನನಗೆ ಮತ್ತೆ ಸಿಗಲಿಲ್ಲ.

ಮನೆಗೆ ಬಂದ ದಿನ ಹೆಂಗಸರೆಲ್ಲ ನನ್ನನ್ನು ಸುತ್ತಿಕೊಂಡು ಕೂತರು. ಚಿಕ್ಕಮ್ಮ ಹಲಸಿನ ತೊಳೆ ಬಿಡಿಸುತ್ತಿದ್ದರು. ಮಾವ ಚಾವಡಿಯ ಕುರ್ಚಿಯಲ್ಲಿ ಎಲೆಪೆಟ್ಟಿಗೆ ಇಟ್ಟುಕೊಂಡು ಕೂತಿದ್ದರು. ಶ್ರೀನಿವಾಸಪುರದ ಆ ಬೆಳಗಿನ ಸಂಗತಿಯನ್ನು ಅವರು ಮನೆಯಲ್ಲಿ ಯಾರಿಗೂ ಹೇಳಿರಲಿಲ್ಲವೆಂದು ಹೆಂಗಸರ ಪ್ರಶ್ನೆಗಳಿಂದಲೇ ತಿಳಿಯಿತು. ನಾನು ಬಂಡೆಗಳ ಬಗ್ಗೆ ಹೇಳಿದೆ, ಮುದ್ದೆಯ ಬಗ್ಗೆ ಹೇಳಿ ನಗಿಸಿದೆ. ಸರೋಜಳ ವಿಷಯ ತಾನಾಗಿಯೇ ಬಂತು, ಅವಳ ಮದುವೆಯೂ ಬಂತು.

"ಯಾರಿಗೆ ಕೊಟ್ಟರು?" ಎಂದರು ಚಿಕ್ಕಮ್ಮ.

ಹೇಳಲು ಬಾಯಿ ತೆರೆದೆ. ನಮ್ಮ ತುಳುವಿನಲ್ಲಿ ಅದಕ್ಕೆ ಇರುವುದು ತಮ್ಮಲೆ ಎಂಬ ಒಂದೇ ಪದ. ಅದನ್ನೂ ಮದುವೆಯನ್ನೂ ಒಂದೇ ವಾಕ್ಯದಲ್ಲಿ ಇಟ್ಟರೆ ಈ ಹೆಂಗಸರು ಥೂ ಎಂದು ಉಗಿಯುತ್ತಾರೆ. ಆಮೇಲೆ ನಾನು ಪಾಪಣ್ಣನ ಬಗ್ಗೆ, ಬಾವಿಕಟ್ಟೆಯ ನಗುವಿನ ಬಗ್ಗೆ, ನನ್ನ ಮುಷ್ಟಿ ಬಿಡಿಸಿದ ನಾರಾಯಣಮ್ಮನವರ ಬಗ್ಗೆ ಏನು ಹೇಳಿದರೂ ಅದು ಆ ಉಗುಳಿನಲ್ಲೇ ಬೀಳುತ್ತದೆ.

"ಅವರ ಕಡೆಯ ಒಬ್ಬ ಹುಡುಗನಿಗೆ," ಎಂದೆ. "ಒಳ್ಳೆಯವನು."

"ದೂರದವನಾ?"

"ಇಲ್ಲ. ಹತ್ತಿರದವನೇ."

ಕುರ್ಚಿಯಲ್ಲಿದ್ದ ಮಾವ ತಲೆಯೆತ್ತಿ ನನ್ನನ್ನು ನೋಡಿದರು. ಅವರಿಗೆ ಗೊತ್ತಿತ್ತು. ಪಾಪಣ್ಣ ಹೇಳಿಕಳಿಸಿದ ಮಾತನ್ನು ಆಗಲೇ ಹೇಳಬಹುದಿತ್ತು. ಆದರೆ ಅದನ್ನು ಹೇಳಬೇಕಾದರೆ ಮೊದಲು ಪಾಪಣ್ಣ ಯಾರೆಂದು ಹೇಳಬೇಕಾಗುತ್ತಿತ್ತು. ಅವರು ಕಣ್ಣು ತಗ್ಗಿಸಿ ವೀಳ್ಯದೆಲೆಗೆ ಸುಣ್ಣ ಹಚ್ಚತೊಡಗಿದರು. ಚಿಕ್ಕಮ್ಮ ಹಲಸಿನ ತೊಳೆಯೊಂದನ್ನು ನನ್ನ ಕೈಗೆ ಇಟ್ಟು, "ಅಂತೂ ನಮ್ಮವರ ನಡುವೆ ಬಂದು ಸೇರಿದೆಯಲ್ಲ, ಸಾಕು," ಎಂದರು.